ಆ ಪೋರ್ಟಿನಿಂದ ಚಿತ್ರ ಬರುತ್ತದೆಯೇ? ಬಾಕ್ಸ್ ಮೇಲೆ ಬರೆಯಲಿ

ಮಾನ್ಯ ಸಂಪಾದಕರೇ,

ನಿಮ್ಮ ಪತ್ರಿಕೆಯಲ್ಲಿ ಹೊಸ ಟ್ಯಾಬ್ಲೆಟ್‌ಗಳ ಪರಿಚಯ ಬಂದಾಗಲೆಲ್ಲ ತಪ್ಪದೆ ಓದುತ್ತೇನೆ. ಕ್ಯಾಮೆರಾ ಎಷ್ಟು ಮೆಗಾಪಿಕ್ಸೆಲ್, ಬ್ಯಾಟರಿ ಎಷ್ಟು ಹೊತ್ತು ಬರುತ್ತದೆ, ಮೆಮೊರಿ ಎಷ್ಟು ಜಿ.ಬಿ., ಎಲ್ಲ ಇರುತ್ತದೆ. ನನಗೆ ಬೇಕಾದ ಒಂದೇ ಒಂದು ಸಂಗತಿ ಇರುವುದಿಲ್ಲ. ಅದಕ್ಕೊಂದು ಕೇಬಲ್ ಸಿಕ್ಕಿಸಿದರೆ ಅದರಲ್ಲಿರುವ ಆಟ ಟಿ.ವಿ.ಯಲ್ಲಿ ಕಾಣುತ್ತದೆಯೋ ಇಲ್ಲವೋ? ಈ ಪ್ರಶ್ನೆಗೆ ಉತ್ತರ ಸಿಗಲು ನಮ್ಮ ಮನೆಯಲ್ಲಿ ನಾಲ್ಕು ತಿಂಗಳು ಹಿಡಿಯಿತು. ಅದಕ್ಕೇ ಈ ಪತ್ರ.

ನಾನು ಪ್ರೌಢಶಾಲೆಯಲ್ಲಿ ಗಣಿತ ಕಲಿಸಿ ನಿವೃತ್ತಳಾದವಳು. ನಮ್ಮ ಮನೆಯವರಿಗೆ 71 ವರ್ಷ. ಅಕ್ಷಿಪಟಲದ ನಡುಭಾಗ ಸವೆಯುತ್ತಾ ಬಂದು, ಎದುರಿಗೆ ಕೂತವರ ಮುಖ ಅವರಿಗೆ ಮಂಜಾಗಿ ಕಾಣುತ್ತದೆ. ಬದಿಯಲ್ಲಿ ನಿಂತವರು ಪರವಾಗಿಲ್ಲ. ಏನನ್ನಾದರೂ ಸರಿಯಾಗಿ ನೋಡಬೇಕೆಂದರೆ ಕತ್ತನ್ನು ಒಂಚೂರು ಓರೆ ಮಾಡುತ್ತಾರೆ. ಮೊಮ್ಮಗನಿಗೆ ಹನ್ನೊಂದು. ದಿನಾ ಸಂಜೆ ಇಬ್ಬರೂ ಟ್ಯಾಬ್ಲೆಟ್‌ನಲ್ಲಿ ಚೆಸ್ ಆಡುತ್ತಿದ್ದರು. ಒಂದು ದಿನ ತಾತ ಒಂಟೆಯನ್ನು ಕಾಲಾಳು ಅಂದುಕೊಂಡು ನಡೆಸಿದರು. ಇನ್ನೊಂದು ದಿನ ಮಂತ್ರಿಯನ್ನೇ ಕಳೆದುಕೊಂಡರು. ಆಮೇಲೆ "ನೀನೊಬ್ಬನೇ ಆಡಿಕೋ ಮರಿ, ನನಗೆ ಯಾಕೋ ಬೇಜಾರು" ಅನ್ನತೊಡಗಿದರು. ಬೇಜಾರಲ್ಲ ಅದು, ಮನೆಯಲ್ಲಿ ಎಲ್ಲರಿಗೂ ಗೊತ್ತಿತ್ತು.

ಮೊಮ್ಮಗನೇ ಕೇಳಿದ: "ಅಜ್ಜಿ, ಟಿ.ವಿ.ಯಲ್ಲಿ ದೊಡ್ಡದಾಗಿ ಕಾಣೋ ಹಾಗೆ ಮಾಡಿದ್ರೆ?"

ಇಲ್ಲಿ ಒಂದು ಲೆಕ್ಕ ಹೇಳಬೇಕು, ಏಕೆಂದರೆ ಬಹಳ ಜನ ಇದನ್ನು ತಪ್ಪಾಗಿ ತಿಳಿದಿದ್ದಾರೆ. ಟಿ.ವಿ. ದೊಡ್ಡದು ಎಂದ ಮಾತ್ರಕ್ಕೆ ಕಣ್ಣಿಗೂ ದೊಡ್ಡದಾಗಿ ಕಾಣುತ್ತದೆ ಎಂದೇನಿಲ್ಲ. ನಮ್ಮ ಟ್ಯಾಬ್ಲೆಟ್ 10 ಇಂಚು, ಟಿ.ವಿ. 43 ಇಂಚು, ಅಂದರೆ 4.3 ಪಟ್ಟು. ಆದರೆ ಸೋಫಾ ಇರುವುದು ಟಿ.ವಿ.ಯಿಂದ 3 ಮೀಟರ್ ದೂರದಲ್ಲಿ. 300 ಸೆಂ.ಮೀ.ಯನ್ನು 4.3ರಿಂದ ಭಾಗಿಸಿದರೆ ಸುಮಾರು 70. ಸೋಫಾದಲ್ಲಿ ಕೂತು ಟಿ.ವಿ. ನೋಡುವುದೂ ಟ್ಯಾಬ್ಲೆಟ್ಟನ್ನು 70 ಸೆಂ.ಮೀ. ದೂರ ಹಿಡಿದು ನೋಡುವುದೂ ಒಂದೇ! ಅವರು ಟ್ಯಾಬ್ಲೆಟ್ ಹಿಡಿಯುತ್ತಿದ್ದದ್ದು 30 ಸೆಂ.ಮೀ.ನಲ್ಲಿ. ಹಾಗಾಗಿ ಸೋಫಾದಲ್ಲಿ ಕೂತರೆ ಕಾಯಿಗಳು ಮೊದಲಿಗಿಂತ ಚಿಕ್ಕದಾಗೇ ಕಾಣುತ್ತವೆ. 130 ಸೆಂ.ಮೀ.ಗಿಂತ ಹತ್ತಿರ ಬಂದರೆ ಮಾತ್ರ ಲಾಭ. ಕುರ್ಚಿಯನ್ನು ಟಿ.ವಿ.ಯಿಂದ 65 ಸೆಂ.ಮೀ. ದೂರದಲ್ಲಿ ಹಾಕಿದೆ, ಕಾಯಿಗಳು ಅವರಿಗೆ ಮೊದಲಿನ ಎರಡು ಪಟ್ಟು ಕಾಣುವಂತಾಯಿತು. ಟ್ಯಾಬ್ಲೆಟ್ಟನ್ನೇ 15 ಸೆಂ.ಮೀ.ಗೆ ತಂದುಕೊಂಡರೂ ಅಷ್ಟೇ ದೊಡ್ಡದಾಗುತ್ತದೆ, ನಿಜ. ಆದರೆ ಈ ವಯಸ್ಸಿನ ಕಣ್ಣಿಗೆ ಅಷ್ಟು ಹತ್ತಿರದ್ದು ನಿಚ್ಚಳವಾಗಿ ಕಾಣುವುದಿಲ್ಲ, ಕತ್ತು ಬಗ್ಗಿಸಿ ಅರ್ಧ ಗಂಟೆ ಕೂರಲೂ ಆಗುವುದಿಲ್ಲ. ಟಿ.ವಿ. ಮುಂದೆ ಬೆನ್ನು ನೇರ ಇಟ್ಟುಕೊಂಡು ಕೂರಬಹುದು.

ಇಷ್ಟೆಲ್ಲ ಲೆಕ್ಕ ಹಾಕಿ, ಕುರ್ಚಿ ಇಟ್ಟು, ಅಡಾಪ್ಟರ್ ತರಿಸಿದೆವು. ಅದರ ಒಂದು ತುದಿ ಟ್ಯಾಬ್ಲೆಟ್‌ನ ಟೈಪ್-ಸಿ ಪೋರ್ಟಿಗೆ, ಅಂದರೆ ಚಾರ್ಜರ್ ಸಿಕ್ಕಿಸುವ ಕಿಂಡಿಗೆ, ಇನ್ನೊಂದು ಕಡೆ ಟಿ.ವಿ.ಯ ಎಚ್‌ಡಿಎಂಐ ಕೇಬಲ್. ಟಿ.ವಿ. ಹೇಳಿದ್ದು "ನೋ ಸಿಗ್ನಲ್". ಅಡಾಪ್ಟರ್ ಕೆಟ್ಟಿರಬೇಕೆಂದು ವಾಪಸ್ ಕಳಿಸಿ ಬೇರೆ ತರಿಸಿದೆವು. ಮತ್ತೆ ಅದೇ. ಕೇಬಲ್ ಬದಲಿಸಿದೆವು, ಟಿ.ವಿ.ಯ ಇನ್ನೊಂದು ಪೋರ್ಟ್‌ಗೆ ಹಾಕಿದೆವು. ಟ್ಯಾಬ್ಲೆಟ್ ಮಾರಿದವರನ್ನು ಕೇಳಿದರೆ "ಟೈಪ್-ಸಿ ಇದೆಯಲ್ಲ ಮೇಡಂ, ಬರಲೇಬೇಕು" ಎಂದರು.

ಬರಲೇಬೇಕು ಎಂದೇನಿಲ್ಲ. ಟೈಪ್-ಸಿ ಎನ್ನುವುದು ಪೋರ್ಟಿನ ಆಕಾರದ ಹೆಸರು ಮಾತ್ರ. 2014ರಲ್ಲಿ ಬಂದ ಈ ಪೋರ್ಟಿನಲ್ಲಿ 24 ಸಂಪರ್ಕಗಳಿವೆ. ಅವುಗಳಲ್ಲಿ ಕೆಲವು ವಿದ್ಯುತ್ತಿಗೆ, ಕೆಲವು ನಿಧಾನದ ಡೇಟಾಕ್ಕೆ, ಕೆಲವು ಅತಿ ವೇಗದ ಡೇಟಾಕ್ಕೆ. ಚಿತ್ರ ಹೊರಗೆ ಬರಬೇಕಾದದ್ದು ಆ ಅತಿ ವೇಗದ ದಾರಿಗಳಲ್ಲಿ. ಅದಕ್ಕೆ 'ಡಿಸ್‌ಪ್ಲೇಪೋರ್ಟ್ ಆಲ್ಟ್ ಮೋಡ್' ಎನ್ನುತ್ತಾರೆ. ಅದನ್ನು ಕೊಡುವುದು ಬಿಡುವುದು ತಯಾರಕರ ಇಷ್ಟ, ಕಡ್ಡಾಯವಲ್ಲ. ಎಷ್ಟೋ ಟ್ಯಾಬ್ಲೆಟ್‌ಗಳಲ್ಲಿ ಒಳಗೆ ಜೋಡಿಸಿರುವುದು ಹಳೆಯ ಯುಎಸ್‌ಬಿ 2.0 ಮಾತ್ರ. ಚಾರ್ಜ್ ಆಗುತ್ತದೆ, ಫೋಟೊ ಕಾಪಿ ಆಗುತ್ತದೆ, ಚಿತ್ರ ಮಾತ್ರ ಬರುವುದಿಲ್ಲ. ಪೆನ್‌ಡ್ರೈವ್ ಓದಿದ ಪೋರ್ಟ್ ಟಿ.ವಿ.ಗೂ ಆಗುತ್ತದೆ ಅಂದುಕೊಳ್ಳುವುದು ಸಹಜ. ಹೊರಗಿನಿಂದ ನೋಡಿ ತಿಳಿಯುವ ದಾರಿಯೇ ಇಲ್ಲ. ಬಾಕ್ಸ್ ಮೇಲೆ ಬರೆದಿದ್ದದ್ದು "ಯುಎಸ್‌ಬಿ ಟೈಪ್-ಸಿ" ಎಂಬ ಎರಡು ಪದ.

ಸರಿ, ಕೇಬಲ್ ಬೇಡ, ವೈಫೈ ಮೂಲಕ ಮಾಡೋಣ ಎಂದ ಮೊಮ್ಮಗ. ವಿಡಿಯೊವನ್ನೋ ಪರದೆಯನ್ನೋ ತಂತಿಯಿಲ್ಲದೆ ಟಿ.ವಿ.ಗೆ ಕಳಿಸುವ ವ್ಯವಸ್ಥೆಗಳು ಹೊಸವೇನಲ್ಲ: ಆ್ಯಪಲ್‌ನ ಏರ್‌ಪ್ಲೇ 2010ರಲ್ಲಿ, ಮಿರಾಕಾಸ್ಟ್ 2012ರಲ್ಲಿ, ಗೂಗಲ್‌ನ ಕ್ರೋಮ್‌ಕಾಸ್ಟ್ 2013ರಲ್ಲಿ ಬಂದವು. ಎರಡು ನಿಮಿಷದಲ್ಲಿ ಚೆಸ್ ಮಣೆ ಟಿ.ವಿ.ಯಲ್ಲಿತ್ತು! ತಾತ ಕುರ್ಚಿಗೆ ಬಂದು ಕತ್ತು ಓರೆ ಮಾಡಿ ನೋಡಿ "ಓ, ಕುದುರೆ ಕಿವಿ ಕಾಣ್ತಿದೆಯಲ್ಲೋ" ಎಂದರು. ಆ ಮಾತು ಕೇಳಿ ನನಗೆ ಕಣ್ಣು ತುಂಬಿ ಬಂತು.

ಆದರೆ ಟಿ.ವಿ. ನೋಡುತ್ತಾ ಕೈಯಲ್ಲಿರುವ ಟ್ಯಾಬ್ಲೆಟ್ ಮುಟ್ಟಿ ಆಡುವುದು ಹೇಗೆ? ಗಾಜಿಗೆ ಗುಂಡಿ ಇಲ್ಲ, ಅಂಚು ಇಲ್ಲ. ಬೆರಳಿಗೆ ಏನೂ ತಿಳಿಯುವುದಿಲ್ಲ. ಅದಕ್ಕೆ ಬ್ಲೂಟೂತ್ ಮೌಸ್ ಜೋಡಿಸಿ, ಸೆಟ್ಟಿಂಗ್ಸ್‌ನ ಆ್ಯಕ್ಸೆಸಿಬಿಲಿಟಿ ವಿಭಾಗದಲ್ಲಿ ಬಾಣದ ಗುರುತನ್ನು ದೊಡ್ಡದು ಮಾಡಿದೆವು. ಕಾಣಿಸಿತು. ಆದರೆ ಮೌಸ್ ನಿಲ್ಲಿಸಿದ ಮೇಲೂ ಬಾಣ ಚಲಿಸುತ್ತಿತ್ತು. ಅವರು ಹಿಂದೆ ತರುವರು, ಅದು ಇನ್ನೂ ಹಿಂದೆ ಹೋಗುವುದು. ಮೂರನೇ ದಿನ ಮೌಸ್ ಕೆಳಗಿಟ್ಟು "ಕಣ್ಣು ಇನ್ನೂ ಹಾಳಾಗಿದೆ, ಬಿಡು" ಎಂದರು.

ಕಣ್ಣು ಹಾಳಾಗಿರಲಿಲ್ಲ. ಚಿತ್ರವೇ ತಡವಾಗಿ ಬರುತ್ತಿತ್ತು. ಟ್ಯಾಬ್ಲೆಟ್‌ನಲ್ಲಿ ಸ್ಟಾಪ್‌ವಾಚ್ ಓಡಿಸಿ, ಅದೂ ಟಿ.ವಿ.ಯೂ ಒಟ್ಟಿಗೆ ಕಾಣುವಂತೆ ಮೊಬೈಲ್‌ನಲ್ಲಿ ಹತ್ತು ಫೋಟೊ ತೆಗೆದೆ. ಎರಡರ ನಡುವಿನ ವ್ಯತ್ಯಾಸ ಸರಾಸರಿ 0.2 ಸೆಕೆಂಡ್. ವೈಫೈನಲ್ಲಿ ಚಿತ್ರವನ್ನು ಟ್ಯಾಬ್ಲೆಟ್ ಕುಗ್ಗಿಸಿ ಕಳಿಸಬೇಕು, ಟಿ.ವಿ. ಅದನ್ನು ಕೂಡಿಟ್ಟುಕೊಂಡು ಬಿಡಿಸಬೇಕು, ಆಮೇಲೆ ಅಂದ ಮಾಡಿ ತೋರಿಸಬೇಕು. ಕೊನೆಯ ಆ ಅಂದ ಮಾಡುವ ಕೆಲಸವನ್ನು ಟಿ.ವಿ.ಯ ಗೇಮ್ ಮೋಡ್ ತಪ್ಪಿಸುತ್ತದೆ, ಉಳಿದದ್ದನ್ನಲ್ಲ. ಸಿನಿಮಾ ನೋಡುವವರಿಗೆ ಈ ತಡ ಲೆಕ್ಕಕ್ಕಿಲ್ಲ. ಆಡುವವರಿಗೆ ಹಾಗಲ್ಲ. ಮೊಮ್ಮಗನ ರೇಸಿಂಗ್ ಆಟದಲ್ಲಿ ಗಂಟೆಗೆ 100 ಕಿ.ಮೀ. ವೇಗದ ಕಾರು 0.2 ಸೆಕೆಂಡಿನಲ್ಲಿ ಐದೂವರೆ ಮೀಟರ್ ಹೋಗಿರುತ್ತದೆ. ತಿರುವು ಕಂಡು ತಿರುಗಿಸುವಷ್ಟರಲ್ಲಿ ಗೋಡೆ. ಹುಡುಗ ಅದನ್ನು ಕಂಡು "ಟಿ.ವಿ. ಸ್ಲೋ" ಅಂದ. ತಾತ ತಮ್ಮ ಕಣ್ಣನ್ನೇ ದೂರಿದರು. ಫೋಟೊಗಳನ್ನು ದೊಡ್ಡದು ಮಾಡಿ ತೋರಿಸಿ, ಅಂಕಿಗಳನ್ನು ಓದಿ ಹೇಳುವವರೆಗೂ ಅವರು ನಂಬಲಿಲ್ಲ.

ಕೊನೆಗೆ ಮಗಳು ತನ್ನ ಹಳೆಯ ಟ್ಯಾಬ್ಲೆಟ್ ಕೊಟ್ಟಳು. ಅದರ ಪೋರ್ಟಿನಿಂದ ಚಿತ್ರ ಬರುತ್ತದೆ. ವಾಪಸ್ ಕಳಿಸದೆ ಉಳಿದಿದ್ದ ಎರಡನೇ ಅಡಾಪ್ಟರ್ ಹಾಕಿದ ಕ್ಷಣವೇ ಟಿ.ವಿ. ಬೆಳಗಿತು. ಗೇಮ್ ಮೋಡ್ ಹಾಕಿದ ಮೇಲೆ ಬಾಣ ಕೈ ಹೇಳಿದಲ್ಲಿ ನಿಲ್ಲುತ್ತದೆ. ಸಣ್ಣಪುಟ್ಟ ತೊಡಕುಗಳಿದ್ದವು. ಮಗಳ ಟ್ಯಾಬ್ಲೆಟ್‌ನ ಪರದೆಯ ಅಗಲ-ಎತ್ತರದ ಅನುಪಾತ 4:3, ಟಿ.ವಿ.ಯದು 16:9, ಹಾಗಾಗಿ ಎರಡೂ ಬದಿ ಕಪ್ಪು ಪಟ್ಟಿ; ಚೌಕ ಮಣೆಗೆ ಅದರಿಂದ ನಷ್ಟವಿಲ್ಲ. ಟ್ಯಾಬ್ಲೆಟ್‌ಗೆ ಬರುವ ಮೆಸೇಜ್‌ಗಳೆಲ್ಲ ಟಿ.ವಿ. ಮೇಲೂ ಬರುತ್ತವೆ, ಆಡುವ ಮೊದಲು ಡು ನಾಟ್ ಡಿಸ್ಟರ್ಬ್ ಹಾಕಬೇಕು. ಆಡುವಾಗಲೇ ಚಾರ್ಜ್ ಕೂಡ ಆಗಬೇಕಾದರೆ ಚಾರ್ಜರ್ ಸಿಕ್ಕಿಸುವ ಜಾಗವೂ ಇರುವ ಅಡಾಪ್ಟರ್ ಬೇಕು.

ಆಟ ತಯಾರಿಸುವವರಿಗೂ ಒಂದು ಮಾತು. ಆ್ಯಂಡ್ರಾಯ್ಡ್‌ನಲ್ಲಿ 2011ರಿಂದ, ಐಪ್ಯಾಡ್‌ನಲ್ಲಿ 2013ರಿಂದ ಗೇಮ್ ಕಂಟ್ರೋಲರ್ (ಕೈಯಲ್ಲಿ ಹಿಡಿದು ಗುಂಡಿ ಒತ್ತಿ ಆಡುವ ಸಾಧನ) ಬಳಸಲು ಅವಕಾಶವಿದೆ. ಆದರೂ ಎಷ್ಟೋ ಆಟಗಳು ಅದನ್ನು ಗುರುತಿಸುವುದೇ ಇಲ್ಲ; ಗುರುತಿಸುತ್ತವೋ ಇಲ್ಲವೋ ಎಂದು ಇಳಿಸಿಕೊಳ್ಳುವ ಮೊದಲು ತಿಳಿಯುವುದೂ ಕಷ್ಟ. ಮೊಮ್ಮಗ ಐದು ರೇಸಿಂಗ್ ಆಟ ಇಳಿಸಿ ನೋಡಿದ, ಕಂಟ್ರೋಲರ್ ಒಪ್ಪಿದ್ದು ಎರಡು.

ಮಕ್ಕಳ ಕೈಯಿಂದ ಟ್ಯಾಬ್ಲೆಟ್ ಬಿಡಿಸಿ ಎಂದು ನಿಮ್ಮ ಓದುಗರು ಆಗಾಗ ಬರೆಯುತ್ತಾರೆ. ಅವರ ಕಾಳಜಿ ನನ್ನದೂ ಹೌದು. ಮೂಲೆಯಲ್ಲಿ ಒಬ್ಬನೇ ಕತ್ತು ಬಗ್ಗಿಸಿ ಕೂರುತ್ತಿದ್ದ ಹುಡುಗ ಈಗ ಹಾಲ್‌ನಲ್ಲಿ ತಾತನ ಪಕ್ಕ ಕೂರುತ್ತಾನೆ. ಏನು ಆಡುತ್ತಾನೆ, ಎಂಥ ಜಾಹೀರಾತು ಬರುತ್ತದೆ, ಎಲ್ಲ ನಮ್ಮ ಕಣ್ಣೆದುರಿಗೇ. ಎಂಟಕ್ಕೆ ಟಿ.ವಿ. ಆರಿಸುತ್ತೇವೆ, ಆಟ ಅರ್ಧಕ್ಕೆ ನಿಂತರೆ ಮರುದಿನಕ್ಕೆ.

ತಯಾರಕರು ಬಾಕ್ಸ್ ಮೇಲೆ "ಈ ಪೋರ್ಟಿನಿಂದ ಟಿ.ವಿ.ಗೆ ಚಿತ್ರ ಬರುತ್ತದೆ" ಅಥವಾ "ಬರುವುದಿಲ್ಲ" ಎಂದು ಬರೆಯಲಿ. ಬರುವುದಿಲ್ಲ ಎಂದಿದ್ದರೆ ನಮ್ಮ ತಕರಾರಿಲ್ಲ, ಬೇರೆಯದನ್ನು ಕೊಳ್ಳುತ್ತಿದ್ದೆವು. ಅವರು ಬರೆಯುವವರೆಗೆ ನೀವು ಬರೆಯಬಹುದಲ್ಲ? ಪರಿಚಯ ಬರಹಕ್ಕೆಂದು ಟ್ಯಾಬ್ಲೆಟ್ ನಿಮ್ಮವರ ಕೈಗೆ ಬಂದೇ ಬರುತ್ತದೆ; ಒಂದು ಕೇಬಲ್ ಸಿಕ್ಕಿಸಿ ನೋಡಲು ಅರ್ಧ ನಿಮಿಷ ಸಾಕು. ಮುಂದಿನ ಸಲ ಬ್ಯಾಟರಿಯ ವಿವರದ ಪಕ್ಕದಲ್ಲಿ ಆ ಒಂದು ಸಾಲು ಸೇರಿಸಿ ಎಂದು ಕೇಳಿಕೊಳ್ಳುತ್ತೇನೆ.

ಇಂತಿ,
ನಿವೃತ್ತ ಗಣಿತ ಶಿಕ್ಷಕಿ