ವ್ಯಾನ್ ಗೋ ಎಂದರೆ ಕತ್ತರಿಸಿದ ಕಿವಿಯೊಂದೇ ಅಲ್ಲ

ಮಾನ್ಯ ಸಂಪಾದಕರೇ,

ಯುರೋಪಿನ ವರ್ಣಚಿತ್ರಕಾರರ ಕುರಿತು ನಮ್ಮ ಪತ್ರಿಕೆಗಳ ಭಾನುವಾರದ ಪುರವಣಿಗಳಲ್ಲಿ ಆಗಾಗ ಲೇಖನಗಳು ಬರುತ್ತಿರುವುದು ಸಂತೋಷದ ಸಂಗತಿ. ಆದರೆ ವಿನ್ಸೆಂಟ್ ವ್ಯಾನ್ ಗೋ ಹೆಸರು ಬಂದ ಕೂಡಲೇ ಬರಹ ಒಂದೇ ಜಾಡು ಹಿಡಿಯುತ್ತದೆ: ಬಡತನ, ಹುಚ್ಚು, ಕತ್ತರಿಸಿಕೊಂಡ ಕಿವಿ, ಬದುಕಿದ್ದಾಗ ಮಾರಾಟವಾದ ಒಂದೇ ಒಂದು ಚಿತ್ರ, ಕೊನೆಗೆ ಗುಂಡೇಟು. ಪ್ರೌಢಶಾಲೆಗಳಲ್ಲಿ ಮೂವತ್ತು ವರ್ಷ ಚಿತ್ರಕಲೆ ಕಲಿಸಿದ ನನಗೆ ಈ ಕಥನ ಮಕ್ಕಳ ಮನಸ್ಸಿನಲ್ಲಿ ಏನನ್ನು ಬಿತ್ತುತ್ತದೆ ಎಂಬುದು ಗೊತ್ತಿದೆ. ಒಂಬತ್ತನೇ ತರಗತಿಯ ಹುಡುಗಿಯೊಬ್ಬಳು, ಪತ್ರಿಕೆಯಿಂದ ಕತ್ತರಿಸಿ ತಂದಿದ್ದ ಅಂಥದೊಂದು ಲೇಖನವನ್ನು ನನ್ನ ಮೇಜಿನ ಮೇಲಿಟ್ಟು, "ಸರ್, ನನಗೆ ಇಂಥದ್ದೇನೂ ಇಲ್ಲವಲ್ಲ, ನಾನು ಆರ್ಟಿಸ್ಟ್ ಆಗೋಕೆ ಆಗುತ್ತಾ?" ಎಂದು ಕೇಳಿದ್ದಳು. ಅವಳ ಮುಖದಲ್ಲಿ ತಮಾಷೆಯ ಸುಳಿವೇ ಇರಲಿಲ್ಲ. ಆ ಪ್ರಶ್ನೆಗೆ ಅಂದು ನಾನು ಕೊಟ್ಟ ಉತ್ತರ ಸಾಲದಾಗಿತ್ತು ಎಂಬ ಕೊರಗು ಇನ್ನೂ ಇರುವುದರಿಂದ ಈ ಪತ್ರ ಬರೆಯುತ್ತಿದ್ದೇನೆ.

1853ರಲ್ಲಿ ನೆದರ್‌ಲೆಂಡ್ಸ್‌ನ ಪಾದ್ರಿಯೊಬ್ಬರ ಮನೆಯಲ್ಲಿ ಹುಟ್ಟಿದ ವ್ಯಾನ್ ಗೋ ಚಿತ್ರಕಾರನಾಗಬೇಕೆಂದು ನಿರ್ಧರಿಸಿದ್ದು 1880ರಲ್ಲಿ, ತನ್ನ 27ನೇ ವಯಸ್ಸಿನಲ್ಲಿ. ಅದಕ್ಕೆ ಮೊದಲು ಆತ ಹೇಗ್, ಲಂಡನ್, ಪ್ಯಾರಿಸ್ ನಗರಗಳಲ್ಲಿ ಚಿತ್ರ ಮಾರುವ ಕಂಪನಿಯ ನೌಕರನಾಗಿದ್ದ, ಇಂಗ್ಲೆಂಡಿನಲ್ಲಿ ಶಾಲಾ ಸಹಾಯಕನಾಗಿದ್ದ, ಪುಸ್ತಕದಂಗಡಿಯಲ್ಲಿ ದುಡಿದಿದ್ದ, ಬೆಲ್ಜಿಯಂನ ಬೊರಿನಾಜ್ ಕಲ್ಲಿದ್ದಲು ಗಣಿಗಳ ನಡುವೆ ಧರ್ಮಬೋಧಕನಾಗಿದ್ದ. ಎಲ್ಲವನ್ನೂ ಬಿಟ್ಟು ಆತ ಮೊದಲು ಮಾಡಿದ ಕೆಲಸ ಯಾವ ಪವಾಡವೂ ಅಲ್ಲ; ಗಣಿಗಾರರ ಊರಿನ ಇಕ್ಕಟ್ಟಾದ ಕೋಣೆಯಲ್ಲಿ ಕುಳಿತು, ಶಾರ್ಲ್ ಬಾರ್ಗ್ ರೂಪಿಸಿದ್ದ ರೇಖಾಭ್ಯಾಸದ ಹಾಳೆಗಳನ್ನು ಒಂದಾದ ಮೇಲೊಂದರಂತೆ ಇದ್ದಿಲಿನಲ್ಲಿ ನಕಲು ಮಾಡಿದ, ಮುಗಿದ ಮೇಲೆ ಮತ್ತೆ ಮೊದಲಿನಿಂದ ಮಾಡಿದ. ಡ್ರಾಯಿಂಗ್ ಗ್ರೇಡ್ ಪರೀಕ್ಷೆಗೆ ಕೂರುವ ನಮ್ಮ ಮಕ್ಕಳು, ರಬ್ಬರು ಉಜ್ಜಿ ಉಜ್ಜಿ ಹಾಳೆ ಸವೆಸುತ್ತಾ ಮಾಡುವ ಅಭ್ಯಾಸವೂ ಇದೇ ಜಾತಿಯದು. ಈ ಒಂದು ವಿವರ ನಮ್ಮ ಲೇಖನಗಳಲ್ಲಿ ಬಂದರೆ ಸಾಕು, ಆ ಹುಡುಗಿಗೆ ಅರ್ಧ ಉತ್ತರ ಸಿಕ್ಕಂತಾಗುತ್ತಿತ್ತು.

'ಆಲೂಗಡ್ಡೆ ತಿನ್ನುವವರು' ಚಿತ್ರದ ಹಿಂದಿನ ದುಡಿಮೆಯನ್ನೂ ನೋಡಬೇಕು. 1884ರ ಕೊನೆಯಿಂದ 1885ರ ವಸಂತದವರೆಗೆ ನ್ಯೂನೆನ್ ಎಂಬ ಹಳ್ಳಿಯಲ್ಲಿ ಆತ ರೈತರ ಮುಖಗಳನ್ನೇ ಮತ್ತೆ ಮತ್ತೆ ಬರೆದ. ಅಂಥ ಹತ್ತಾರು ಅಭ್ಯಾಸಚಿತ್ರಗಳಾದ ಮೇಲೆಯೇ ದೀಪದ ಕೆಳಗೆ ಐದು ಜನ ಊಟಕ್ಕೆ ಕುಳಿತಿರುವ ಆ ದೊಡ್ಡ ಚಿತ್ರಕ್ಕೆ ಕೈಹಾಕಿದ್ದು. ಈ ಜನ ತಟ್ಟೆಗೆ ನೀಡುತ್ತಿರುವ ಕೈಗಳಿಂದಲೇ ನೆಲವನ್ನೂ ಅಗೆದವರು ಎಂಬುದು ಕಾಣಬೇಕೆಂದು ತನ್ನ ತಮ್ಮ ಥಿಯೋಗೆ ಬರೆದ ಆತ, ಅವರ ಮೈಬಣ್ಣವನ್ನು ಸಿಪ್ಪೆ ಸುಲಿಯದ, ಮಣ್ಣು ಮೆತ್ತಿದ ಆಲೂಗಡ್ಡೆಯ ಬಣ್ಣಕ್ಕೆ ತಂದಿದ್ದ. ಚಿತ್ರದ ಅಚ್ಚುಪ್ರತಿಯನ್ನು ನೋಡಿ ಚಿತ್ರಕಾರ ಮಿತ್ರನೊಬ್ಬ ಕಟುವಾಗಿ ಟೀಕಿಸಿದಾಗ ಆ ಸ್ನೇಹವೇ ಮುರಿದುಬಿತ್ತು.

ಕಾಯಿಲೆ ಇರಲಿಲ್ಲ ಎಂದು ನಾನು ಹೇಳುತ್ತಿಲ್ಲ. 1888ರ ಡಿಸೆಂಬರ್‌ನಲ್ಲಿ ಫ್ರಾನ್ಸಿನ ಆರ್ಲ್ ಪಟ್ಟಣದಲ್ಲಿ ಆತ ಕಿವಿ ಕತ್ತರಿಸಿಕೊಂಡದ್ದು ನಡೆದೇ ಇದೆ, ಮರುವರ್ಷದ ಮೇ ತಿಂಗಳಿಂದ ಒಂದು ವರ್ಷ ಆತ ಸ್ಯಾಂ ರೆಮಿಯ ಮಾನಸಿಕ ಚಿಕಿತ್ಸಾಲಯದಲ್ಲಿ ಇದ್ದುದೂ ನಿಜ. ಆದರೆ ಹುಚ್ಚೇ ಅವನಿಂದ ಚಿತ್ರ ಬರೆಸಿತು ಎಂಬುದು ಸುಳ್ಳು. 'ನಕ್ಷತ್ರಗಳ ರಾತ್ರಿ' ಮೂಡಿದ್ದು 1889ರ ಜೂನ್‌ನಲ್ಲಿ, ಆತ ಸಾಕಷ್ಟು ಶಾಂತನಾಗಿದ್ದ ದಿನಗಳಲ್ಲಿ; ಜುಲೈಯಲ್ಲಿ ಕಾಯಿಲೆ ಮರುಕಳಿಸಿದಾಗ ವಾರಗಟ್ಟಲೆ ಕೆಲಸವೇ ಸಾಗಲಿಲ್ಲ. ಕಾಯಿಲೆ ಅವನ ಕುಂಚವನ್ನು ಕಿತ್ತುಕೊಳ್ಳುತ್ತಿತ್ತು, ಚೇತರಿಸಿಕೊಂಡಾಗ ಆತ ಅದನ್ನು ಮತ್ತೆ ಹಿಡಿಯುತ್ತಿದ್ದ. ಮಾನಸಿಕ ಕಾಯಿಲೆಯಿಂದ ನರಳುವವರು ನಮ್ಮ ನಡುವೆಯೂ ಇರುವಾಗ ಈ ವ್ಯತ್ಯಾಸವನ್ನು ಪತ್ರಿಕೆಗಳು ಎಚ್ಚರದಿಂದ ಬರೆಯಬೇಕೆಂಬುದು ನನ್ನ ಕಳಕಳಿ.

ಇನ್ನು ಆ 'ಒಂದೇ ಚಿತ್ರ'ದ ಮಾತು. 1890ರ ಆರಂಭದಲ್ಲಿ ಬ್ರಸೆಲ್ಸ್‌ನ ಪ್ರದರ್ಶನದಲ್ಲಿ 'ಕೆಂಪು ದ್ರಾಕ್ಷಿತೋಟ'ವನ್ನು ಬೆಲ್ಜಿಯಂನ ಚಿತ್ರಕಾರ್ತಿ ಆನಾ ಬೋಕ್ 400 ಫ್ರಾಂಕ್ ಕೊಟ್ಟು ಕೊಂಡದ್ದು ಹೌದು. ಆದರೆ 1882ರಲ್ಲೇ ಅವನ ಚಿಕ್ಕಪ್ಪ ಹೇಗ್ ನಗರದ ದೃಶ್ಯಗಳ 12 ರೇಖಾಚಿತ್ರಗಳಿಗೆ ಹಣ ಕೊಟ್ಟು ಬೇಡಿಕೆ ಇಟ್ಟಿದ್ದರು. 1890ರ ಜನವರಿಯಲ್ಲಿ ವಿಮರ್ಶಕ ಆಲ್ಬೇರ್ ಓರಿಯೇ ಪ್ಯಾರಿಸ್‌ನ ಪತ್ರಿಕೆಯಲ್ಲಿ ಅವನನ್ನು ಕೊಂಡಾಡಿ ದೀರ್ಘ ಲೇಖನ ಬರೆದರು. ಅದೇ ವರ್ಷ ಪ್ಯಾರಿಸ್‌ನಲ್ಲಿ ನಡೆದ ಪ್ರದರ್ಶನದಲ್ಲಿ ವಿನ್ಸೆಂಟನ ಚಿತ್ರಗಳೇ ಎಲ್ಲಕ್ಕಿಂತ ಉತ್ತಮವೆಂದು ಹೆಸರಾಂತ ಚಿತ್ರಕಾರ ಮೋನೆ ಹೇಳಿದ್ದನ್ನು ಥಿಯೋ ಅಣ್ಣನಿಗೆ ಬರೆದು ತಿಳಿಸಿದ್ದ. ಜುಲೈ 29ರಂದು, 37ನೇ ವಯಸ್ಸಿನಲ್ಲಿ ಆತ ತೀರಿಕೊಂಡಾಗ ಮನ್ನಣೆ ಹೊಸ್ತಿಲ ಬಳಿ ಬಂದಿತ್ತು. ಹತ್ತು ವರ್ಷಗಳಲ್ಲಿ ಸುಮಾರು 860 ತೈಲವರ್ಣ ಚಿತ್ರಗಳು ಆಗಿದ್ದವು, ಬಣ್ಣ, ಕ್ಯಾನ್ವಾಸ್, ಊಟ, ಬಾಡಿಗೆ ಎಲ್ಲಕ್ಕೂ ತಿಂಗಳು ತಿಂಗಳು ಹಣ ಕಳಿಸುತ್ತಿದ್ದವನು ಥಿಯೋ.

ನಮ್ಮ ಲೇಖನಗಳು ಇಲ್ಲಿಗೆ ಮುಗಿಯುತ್ತವೆ. ನನಗೆ ಅತಿ ಹೆಚ್ಚು ನೋವಾಗುವುದು ಇಲ್ಲಿಯೇ, ಏಕೆಂದರೆ ಜಗತ್ತು ವ್ಯಾನ್ ಗೋನನ್ನು ಅರಿತದ್ದು ಇದರ ನಂತರ, ಒಬ್ಬ ಹೆಣ್ಣುಮಗಳ ದುಡಿಮೆಯಿಂದ. 1891ರ ಜನವರಿಯಲ್ಲಿ ಥಿಯೋ ಕೂಡ ತೀರಿಕೊಂಡ. ಅವನ ಹೆಂಡತಿ ಯೋಹಾನಾ ಬೊಂಗರ್‌ಗೆ ಆಗ 28 ವರ್ಷ, ಮಗುವಿಗೆ ಇನ್ನೂ ಒಂದು ವರ್ಷ ತುಂಬಿರಲಿಲ್ಲ. ಮದುವೆಗೆ ಮೊದಲು ಇಂಗ್ಲಿಷ್ ಶಿಕ್ಷಕಿಯಾಗಿದ್ದ ಆಕೆಯ ಪಾಲಿಗೆ ಬಂದದ್ದು ಯಾರೂ ಹೆಚ್ಚು ಬೆಲೆ ಕಟ್ಟದ ನೂರಾರು ಕ್ಯಾನ್ವಾಸುಗಳು ಮತ್ತು ಭಾವನ ಪತ್ರಗಳ ಕಟ್ಟು. ಆಕೆ ಬುಸ್ಸುಮ್ ಎಂಬ ಊರಿಗೆ ಹೋಗಿ, ಊಟ ವಸತಿ ಕೊಡುವ ಮನೆ ನಡೆಸಿ, ಅನುವಾದ ಮಾಡಿ ಮಗುವನ್ನು ಸಾಕಿದಳು. ಮಗುವಿನ ಜೊತೆಗೆ ಥಿಯೋ ತನಗೆ ಇನ್ನೊಂದು ಹೊಣೆಯನ್ನೂ ಬಿಟ್ಟುಹೋಗಿದ್ದಾನೆ, ಅದು ವಿನ್ಸೆಂಟನ ಕೃತಿಗಳನ್ನು ಜನ ನೋಡಿ ಮೆಚ್ಚುವಂತೆ ಮಾಡುವುದು ಎಂಬ ಅರ್ಥದಲ್ಲಿ ಆಕೆ ದಿನಚರಿಯಲ್ಲಿ ಬರೆದುಕೊಂಡಿದ್ದಾಳೆ. ಲೆಕ್ಕದ ಪುಸ್ತಕ ಇಟ್ಟು, ಯಾವುದನ್ನು ಮಾರಬೇಕು, ಯಾವುದನ್ನು ಪ್ರದರ್ಶನಕ್ಕಷ್ಟೇ ಕಳಿಸಬೇಕು ಎಂದು ಅಳೆದು ತೂಗಿದಳು. 1905ರಲ್ಲಿ ಆಮ್ಸ್ಟರ್‌ಡ್ಯಾಮಿನ ಸ್ಟೆಡೆಲೈಕ್ ಮ್ಯೂಸಿಯಮ್ಮಿನ ಕೋಣೆಗಳನ್ನು ಬಾಡಿಗೆಗೆ ಹಿಡಿದು 470ಕ್ಕೂ ಹೆಚ್ಚು ಕೃತಿಗಳನ್ನು ಜನರ ಮುಂದಿಟ್ಟಳು. 1924ರಲ್ಲಿ, ಬಹಳ ಕಾಲ ಕೈಬಿಡಲು ಒಪ್ಪದೇ ಇದ್ದ 'ಸೂರ್ಯಕಾಂತಿ'ಯನ್ನು ಲಂಡನ್‌ನ ನ್ಯಾಷನಲ್ ಗ್ಯಾಲರಿಗೆ ಕೊಟ್ಟಾಗ, ವಿನ್ಸೆಂಟನ ಕೀರ್ತಿಗಾಗಿ ಮಾಡುತ್ತಿರುವ ತ್ಯಾಗ ಇದು ಎಂದು ಬರೆದಳು. ಮರುವರ್ಷ ಆಕೆ ತೀರಿಕೊಂಡಳು.

ಸಂಪಾದಕರು ದಯವಿಟ್ಟು ಗಮನಿಸಬೇಕಾದ ಸಂಗತಿಯೊಂದಿದೆ. ಪತ್ರಗಳನ್ನು ಯೋಹಾನಾ ಪ್ರಕಟಿಸಿದ್ದು 1914ರಲ್ಲಿ, ಮೂರು ಸಂಪುಟಗಳಲ್ಲಿ. ಅಷ್ಟು ವರ್ಷ ಕಾದದ್ದೇಕೆಂದು ಆಕೆಯೇ ಮುನ್ನುಡಿಯಲ್ಲಿ ವಿವರಿಸಿದ್ದಾಳೆ: ಕೃತಿಗಳಿಗೆ ಸಲ್ಲಬೇಕಾದ ಮನ್ನಣೆ ಸಲ್ಲುವ ಮೊದಲೇ ವ್ಯಕ್ತಿಯ ಬಗ್ಗೆ ಕುತೂಹಲ ಕೆರಳಿಸುವುದು ತೀರಿಹೋದವನಿಗೆ ಮಾಡುವ ಅನ್ಯಾಯವಾಗುತ್ತಿತ್ತು ಎಂಬುದು ಆಕೆಯ ನಿಲುವು. ಇಪ್ಪತ್ತಕ್ಕೂ ಹೆಚ್ಚು ವರ್ಷ ಆಕೆ ತಡೆದು ನಿಲ್ಲಿಸಿದ್ದ ಅನ್ಯಾಯವನ್ನೇ ನಾವಿಂದು, ಕಿವಿಯ ಕಥೆಯನ್ನು ತಲೆಬರಹಕ್ಕೆ ತಂದು, ಮಾಡುತ್ತಿದ್ದೇವೆ.

ಒಂದು ವಿನಂತಿಯೊಂದಿಗೆ ಮುಗಿಸುತ್ತೇನೆ. ವ್ಯಾನ್ ಗೋ ಬರೆದ ಪತ್ರಗಳಲ್ಲಿ 800ಕ್ಕೂ ಹೆಚ್ಚು ಉಳಿದಿದ್ದು, ಇಂಗ್ಲಿಷ್ ಅನುವಾದದೊಂದಿಗೆ ಅಂತರ್ಜಾಲದಲ್ಲಿ ಉಚಿತವಾಗಿ ಸಿಗುತ್ತವೆ. ಅವುಗಳಲ್ಲಿ 1888ರ ಅಕ್ಟೋಬರ್‌ನಲ್ಲಿ ತನ್ನ ಮಲಗುವ ಕೋಣೆಯ ಚಿತ್ರದ ಬಗ್ಗೆ ಥಿಯೋಗೆ ಬರೆದ ಪತ್ರವನ್ನಾದರೂ ಕನ್ನಡಕ್ಕೆ ತಂದು, ಆ ಚಿತ್ರದ ಪಕ್ಕದಲ್ಲಿ ಪ್ರಕಟಿಸಬೇಕು. ಗೋಡೆ ತಿಳಿ ನೇರಳೆ, ನೆಲಕ್ಕೆ ಕೆಂಪು ಹೆಂಚು, ಮಂಚ ಮತ್ತು ಕುರ್ಚಿಗಳು ಹೊಸ ಬೆಣ್ಣೆಯ ಹಳದಿ, ಹೊದಿಕೆ ಕಡುಗೆಂಪು, ಕಿಟಕಿ ಹಸಿರು ಎಂದು ಆತ ಒಂದೊಂದೇ ಬಣ್ಣವನ್ನು ಎಣಿಸಿ ಹೇಳುತ್ತಾನೆ. ಇಂದು ಚಿತ್ರದಲ್ಲಿ ಆ ಗೋಡೆಗಳು ನೀಲಿಯಾಗಿ ಕಾಣುತ್ತವೆ, ಏಕೆಂದರೆ ಆತ ಬೆರೆಸಿದ್ದ ಕೆಂಪು ಕಾಲ ಕಳೆದಂತೆ ಬಿಳಿಚಿಹೋಗಿದೆ. ಪತ್ರವನ್ನೂ ಚಿತ್ರವನ್ನೂ ಜೊತೆಗಿಟ್ಟುಕೊಂಡು ನಮ್ಮ ಹಳ್ಳಿಯ ಶಾಲೆಯ ಯಾವುದೇ ಮಗು ಆ ಗೋಡೆಗಳಿಗೆ ನೇರಳೆ ಬಣ್ಣ ಹಚ್ಚಿ ನೋಡಬಹುದು; ಒಂದು ಬಣ್ಣದ ಪೆಟ್ಟಿಗೆ ಇದ್ದರೆ ಸಾಕು.

ಇಂತಿ ತಮ್ಮ ವಿಶ್ವಾಸಿ,
ನಿವೃತ್ತ ಚಿತ್ರಕಲಾ ಶಿಕ್ಷಕ, ಶಿವಮೊಗ್ಗ