ಎರಡು ಮಾತಿನ ಪಾತ್ರ

ಮೇಡನ್‌ಹೆಡ್, ಸೋಮವಾರ

ಚಿರಂಜೀವಿ ಪುಟ್ಟುವಿಗೆ ನಿನ್ನ ಸೋದರಮಾವನ ಆಶೀರ್ವಾದಗಳು.

ನಿನ್ನೆ ಫೋನಿಟ್ಟ ಮೇಲೆ ನನಗೆ ನಿದ್ದೆ ಹತ್ತಲಿಲ್ಲ. ಲಂಡನ್ನಿನಲ್ಲಿ ಮೂರು ವರ್ಷ ನಟನೆ ಕಲಿತು ಕೊನೆಗೆ ಸಿಕ್ಕಿದ್ದು ಧಾರಾವಾಹಿಯಲ್ಲಿ ಅಂಗಡಿಯವನ ಪಾತ್ರ, ಅದೂ ಎರಡೇ ಮಾತು, ಬೇಡವೆಂದುಬಿಡುತ್ತೇನೆ ಎಂದೆ. ಅದಕ್ಕೆ ಮುಂಚೆ ಇಂಗ್ಲೆಂಡಿನ ನಟ ಮೈಕೆಲ್ ರಿಪ್ಪರ್ ಅವರ ವಿಷಯ ಕೇಳು. ಇಲ್ಲಿನ ನನ್ನ ವಯಸ್ಸಿನ ಗೆಳೆಯರಿಗೂ ಹೆಸರು ಹೇಳಿದರೆ ಗೊತ್ತಾಗುವುದಿಲ್ಲ. ಫೋಟೋ ತೋರಿಸಿದರೆ ಮಾತ್ರ, 'ಓ, ಇವರಾ!' ಎನ್ನುತ್ತಾರೆ.

1913ರಲ್ಲಿ ಪೋರ್ಟ್ಸ್‌ಮತ್‌ನಲ್ಲಿ ಹುಟ್ಟಿದವರು. ಸಿನಿಮಾದಲ್ಲಿ ಆಗೀಗ ಕಾಣಿಸಿಕೊಂಡರೂ ನೆಚ್ಚಿಕೊಂಡಿದ್ದು ರಂಗಭೂಮಿಯನ್ನು. 1952ರಲ್ಲಿ ಥೈರಾಯ್ಡ್ ಶಸ್ತ್ರಚಿಕಿತ್ಸೆಯಾಗಿ ದನಿ ಕುಗ್ಗಿತು. ಹಿಂದಿನ ಸಾಲಿಗೆ ಕೇಳಿಸದ ನಟನಿಗೆ ನಾಟಕದಲ್ಲಿ ಏನು ಕೆಲಸ? ಆದರೆ ಉಳಿದ ಒರಟು ದನಿ ಕ್ಯಾಮೆರಾದ ಮುಂದೆ ಸಾಕಾಯಿತು. ನಮ್ಮ ಮನೆಯಿಂದ ಸ್ವಲ್ಪ ದೂರದಲ್ಲಿ, ಥೇಮ್ಸ್ ದಂಡೆಯ ಬ್ರೇ ಸ್ಟುಡಿಯೋದಲ್ಲಿ, ಹ್ಯಾಮರ್ ಕಂಪನಿ ದೆವ್ವ-ಪಿಶಾಚಿಗಳ ಚಿತ್ರ ತೆಗೆಯುತ್ತಿತ್ತು. ಅದರ ದೊಡ್ಡ ತಾರೆಯರಾದ ಪೀಟರ್ ಕುಶಿಂಗ್, ಕ್ರಿಸ್ಟೋಫರ್ ಲೀ ಹೆಸರು ನಿನಗೆ ಗೊತ್ತು. ಆ ಕಂಪನಿಯ ಚಿತ್ರಗಳಲ್ಲಿ ಅವರಿಬ್ಬರಿಗಿಂತ ಹೆಚ್ಚು ಸಲ ಮುಖ ತೋರಿಸಿದವರು ಈ ರಿಪ್ಪರ್. ಗಾಡಿಯವನು, ಕುಡುಕ, ಕಳ್ಳಬೇಟೆಗಾರ, ಶವಪೆಟ್ಟಿಗೆ ಮಾಡುವವನು, ಎಲ್ಲಕ್ಕಿಂತ ಹೆಚ್ಚಾಗಿ ಹಳ್ಳಿಯ ಪಬ್ಬಿನ ಮಾಲೀಕ.

1965ರಲ್ಲಿ ಹ್ಯಾಮರ್‌ನವರು ಖರ್ಚು ಉಳಿಸಲೆಂದು ಒಂದೇ ಕಾರ್ನ್‌ವಾಲ್ ಹಳ್ಳಿಯ ಸೆಟ್ ಹಾಕಿ, ಒಬ್ಬನೇ ನಿರ್ದೇಶಕನಿಂದ ಒಂದರ ಬೆನ್ನಿಗೆ ಒಂದು ಎರಡು ಚಿತ್ರ ಮಾಡಿಸಿದರು: 'ದ ಪ್ಲೇಗ್ ಆಫ್ ದ ಜಾಂಬೀಸ್' ಮತ್ತು 'ದ ರೆಪ್ಟೈಲ್'. ಮೊದಲನೆಯದರಲ್ಲಿ ರಿಪ್ಪರ್ ಆ ಹಳ್ಳಿಯ ಪೊಲೀಸ್ ಸಾರ್ಜೆಂಟ್. ಎರಡನೆಯದರಲ್ಲಿ ಅದೇ ಬೀದಿಯ ಪಬ್ಬಿನವನು. ಎರಡನ್ನೂ ಒಂದೇ ದಿನ ನೋಡು. ಕಟ್ಟಡಗಳ ಗುರುತು ಹತ್ತುತ್ತದೆ, ಮನುಷ್ಯ ಮಾತ್ರ ಬೇರೆಯೇ. ಪಬ್ಬಿನವನು ಊರಿನವರೆಲ್ಲ ದೂರವಿಟ್ಟ ಹೊಸಬನ ಜೊತೆ ರಾತ್ರಿ ಹೊತ್ತು ಗೋರಿ ಅಗೆಯುವುದಕ್ಕೂ ನಿಲ್ಲುತ್ತಾನೆ. ಆ ಅಂಜಿಕೆಯನ್ನೂ ಒಳ್ಳೆಯತನವನ್ನೂ ಒಂದೇ ಮುಖದಲ್ಲಿ ಹೇಗೆ ಇಟ್ಟುಕೊಂಡರೋ! ಮೂರು ಸಲ ನೋಡಿದ್ದೇನೆ, ಇನ್ನೂ ಹಿಡಿತಕ್ಕೆ ಸಿಕ್ಕಿಲ್ಲ.

ಹ್ಯಾಮರ್‌ನ ಡ್ರಾಕುಲಾನಿಗೆ ನಾವು ಹೆದರುವುದು ಕೋರೆಹಲ್ಲು ನೋಡಿಯೇ? ಕೋರೆಹಲ್ಲು ಕಂಡರೆ ಈಗಿನ ಮಕ್ಕಳಿಗೆ ನಗು ಬರುತ್ತದೆ. ಅವನ ಕೋಟೆಯ ಹೆಸರೆತ್ತಿದೊಡನೆ ಪಬ್ಬಿನವನ ಮುಖ ಬಿಗಿಯುತ್ತದಲ್ಲ, ಹೆದರಿಕೆ ನಮಗೆ ಅಂಟಿಕೊಳ್ಳುವುದು ಅಲ್ಲಿಂದ. ಡ್ರಾಕುಲಾ ಆ ದೃಶ್ಯದಲ್ಲೇ ಇರುವುದಿಲ್ಲ.

ಒಂದನ್ನು ಮುಚ್ಚಿಡುವುದಿಲ್ಲ. ಹ್ಯಾಮರ್‌ನವರು ಅವರನ್ನು ನಾಯಕನನ್ನಾಗಿ ಮಾಡಲೇ ಇಲ್ಲ. 1967ರ 'ದ ಮಮ್ಮೀಸ್ ಶ್ರೌಡ್' ಎಂಬ ಸಾಧಾರಣ ಚಿತ್ರದಲ್ಲಿ, ಜಂಬದ ಧನಿಕನ ಕೈಕೆಳಗೆ ನವೆಯುತ್ತ ಇಂಗ್ಲೆಂಡಿಗೆ ಮರಳಲು ಹಂಬಲಿಸುವ ನೌಕರನಾಗಿ ಅವರಿಗೆ ಸ್ವಲ್ಪ ಹೆಚ್ಚು ಜಾಗ ಸಿಕ್ಕಿತು. ಆ ಚಿತ್ರದಲ್ಲಿ ನನಗೆ ನೆನಪಿರುವುದು ಅವರೊಬ್ಬರೇ. ಆಮೇಲೆ ಹ್ಯಾಮರ್‌ನ ಕಾಲ ಮುಗಿಯಿತು. ಅವರು ಟೀವಿಗೆ ಬಂದು, 1978ರಿಂದ 1983ರವರೆಗೆ ಬಿಬಿಸಿಯ 'ಬಟರ್‌ಫ್ಲೈಸ್' ಹಾಸ್ಯ ಧಾರಾವಾಹಿಯಲ್ಲಿ ಸಾಹುಕಾರನ ಕಾರು ಓಡಿಸುವ ಥಾಮಸ್ ಆದರು. ನಾನು ಈ ದೇಶಕ್ಕೆ ಹೊಸದಾಗಿ ಬಂದಾಗ ರಾತ್ರಿ ಪಾಳಿ ಇಲ್ಲದ ದಿನ ಅದನ್ನು ನೋಡುತ್ತಿದ್ದೆ. ಅರ್ಧ ಇಂಗ್ಲಿಷ್ ಅರ್ಥವಾಗುತ್ತಿರಲಿಲ್ಲ, ಆ ಡ್ರೈವರನ ಮುಖ ಮಾತ್ರ ಪೂರ್ತಿ ಅರ್ಥವಾಗುತ್ತಿತ್ತು. 2000ದಲ್ಲಿ ತೀರಿಕೊಂಡರು.

ಈಗ ನಿನ್ನ ಅಂಗಡಿಯವನು. ಎರಡು ಮಾತು ಬಾಯಿಪಾಠ ಮಾಡಿ ಕೂರಬೇಡ. ಅವನು ಬೆಳಿಗ್ಗೆ ಎಷ್ಟು ಗಂಟೆಗೆ ಬಾಗಿಲು ತೆಗೆಯುತ್ತಾನೆ, ಗಲ್ಲಾದಲ್ಲಿ ಚಿಲ್ಲರೆ ಇದೆಯೇ, ಎದುರು ನಿಂತ ನಾಯಕ ಅವನಿಗೆ ಸಾಲ ಬಾಕಿ ಇದ್ದಾನೆಯೇ, ಇಷ್ಟನ್ನು ಯೋಚಿಸಿಕೊಂಡು ಹೋಗು. ನಿರ್ದೇಶಕರಿಗೆ ಹೇಳಲು ಹೋಗಬೇಡ, ಅವರಿಗೆ ಪುರುಸೊತ್ತಿರುವುದಿಲ್ಲ.

ಶನಿವಾರ ಮನೆಗೆ ಬಾ. ಅತ್ತೆ ಬಿಸಿಬೇಳೆಬಾತ್ ಮಾಡುತ್ತೇನೆ ಎಂದಿದ್ದಾಳೆ. ಊಟವಾದ ಮೇಲೆ 'ದ ರೆಪ್ಟೈಲ್' ಹಾಕೋಣ. ಅವಳು ಹಾವು ಎಂದರೆ ಎದ್ದು ಹೋಗುತ್ತಾಳೆ, ನಾವಿಬ್ಬರೇ ನೋಡಬೇಕು.

ಇಂತಿ ನಿನ್ನ
ಮಾವ