ಇಂಡೋನೇಷ್ಯಾದ ಕುತೈ ಕರ್ತನೆಗಾರ ಜಿಲ್ಲೆಯ ಬುಪಾತಿಯವರಿಗೆ (ಜಿಲ್ಲೆಯ ಮುಖ್ಯಸ್ಥರಿಗೆ): ನಮ್ಮ ಓಣಿ ಹಿಂದಿನ ಹೊಂಡಕ್ಕೆ ಬೇಲಿ ಹಾಕಿಸಿ

ಮಾನ್ಯ ಬುಪಾತಿಯವರೇ,

ನಮಸ್ಕಾರ. ನಾನು ಉಡುಪಿ ಜಿಲ್ಲೆಯವನು. 2016ರಿಂದ ನಿಮ್ಮ ಜಿಲ್ಲಾ ಕೇಂದ್ರ ತೆಂಗರೊಂಗ್‌ನಲ್ಲಿ ಬಾಡಿಗೆ ಮನೆಯಲ್ಲಿದ್ದೇನೆ. ಕಲ್ಲಿದ್ದಲಿನ ಮಾದರಿ ಪರೀಕ್ಷೆ ಮಾಡುವುದು ನನ್ನ ಕೆಲಸ. ಇದೇ ದೂರನ್ನು ನಿಮ್ಮ ಭಾಷೆಯಲ್ಲೇ ಬರೆದು ಒಂದು ಕಚೇರಿಗೆ ಮೂರು ಸಲ ಕೊಟ್ಟೆ. ಮೂರು ಸಲವೂ ಸೀಲು ಒತ್ತಿ ಪ್ರತಿ ವಾಪಸ್ ಕೊಟ್ಟರು, ಅಷ್ಟೇ. ಈಗ ನೇರ ನಿಮಗೇ ಬರೆಯುತ್ತಿದ್ದೇನೆ. ನಿಮ್ಮ ಭಾಷೆಯ ಪ್ರತಿಯನ್ನು ಅಂಚೆಗೆ ಹಾಕಿದ್ದೇನೆ. ಕನ್ನಡದ್ದನ್ನು ಎಲ್ಲರೂ ಓದಲಿ ಅಂತ ಇಲ್ಲಿ ಹಾಕುತ್ತಿದ್ದೇನೆ. ಯಾಕಂದ್ರೆ ಇಂಡೋನೇಷ್ಯಾದ ಕಲ್ಲಿದ್ದಲು ನಮ್ಮೂರಿಗೂ ಬರುತ್ತದೆ. ಎಲ್ಲೂರಿನ 1200 ಮೆಗಾವಾಟ್ ವಿದ್ಯುತ್ ಸ್ಥಾವರ ಕಟ್ಟಿದ್ದೇ ಹಡಗಿನಲ್ಲಿ ಬರುವ ಹೊರದೇಶದ ಕಲ್ಲಿದ್ದಲನ್ನು ನಂಬಿಕೊಂಡು. ಆ ಕಲ್ಲಿದ್ದಲು ತೆಗೆದ ಜಾಗ ಆಮೇಲೆ ಹೇಗಿರುತ್ತದೆ ಅಂತ ನಮ್ಮವರಿಗೂ ಗೊತ್ತಾಗಬೇಕು.

ನಾನು ಕೇಳುವುದು ಇಷ್ಟೇ. ನಮ್ಮ ಓಣಿಯ ಹಿಂದಿರುವ ಹಳೇ ಗಣಿ ಹೊಂಡಕ್ಕೆ ಮೊದಲು ಬೇಲಿ ಹಾಕಿಸಿ. ಆಮೇಲೆ ಅದನ್ನು ಮುಚ್ಚಿಸಿ.

ಕಳೆದ ಆಗಸ್ಟ್‌ನ ಒಂದು ಭಾನುವಾರ. ಮಧ್ಯಾಹ್ನ ಮೂರು ಗಂಟೆ ಇರಬಹುದು. ಹತ್ತು ವರ್ಷದ ನನ್ನ ಮಗ ಓಡಿ ಬಂದ. ಮಾತು ಹೊರಡುತ್ತಿರಲಿಲ್ಲ. ಪಕ್ಕದ ಮನೆ ಹುಡುಗ ಹೊಂಡಕ್ಕೆ ಜಾರಿದ್ದ. ನಾನು ಲುಂಗಿಯಲ್ಲೇ ಓಡಿದೆ. ಅಷ್ಟರಲ್ಲಿ ಅಲ್ಲಿ ಹುಲ್ಲು ಕೊಯ್ಯುತ್ತಿದ್ದ ಒಬ್ಬರು ಮೇಕೆ ಕಟ್ಟುವ ಹಗ್ಗ ಎಸೆದು ಅವನನ್ನು ಎಳೆದುಕೊಂಡಿದ್ದರು. ಹುಡುಗ ಅವರ ಸರೋಂಗ್ ಸುತ್ತಿಕೊಂಡು ಕುಳಿತು ವಾಂತಿ ಮಾಡುತ್ತಿದ್ದ. ಕಣ್ಣು ಕೆಂಪಾಗಿತ್ತು. ಅವನ ಒಂದು ನೀಲಿ ಚಪ್ಪಲಿ ನೀರಿನ ನಡುವೆ ತೇಲುತ್ತಿತ್ತು. ತೆಗೆಯಲು ಯಾರೂ ಇಳಿಯಲಿಲ್ಲ. ಇಳಿಯುವುದಕ್ಕೆ ಆಗುವುದೂ ಇಲ್ಲ. ಕೆರೆಯ ಹಾಗೆ ಮೊಣಕಾಲು, ಸೊಂಟ ಅಂತ ನಿಧಾನಕ್ಕೆ ಆಳವಾಗುವ ಜಾಗ ಅಲ್ಲ ಅದು. ಯಂತ್ರದಿಂದ ಕೊರೆದ ಗೋಡೆ. ಅಂಚಿನ ಜೇಡಿಮಣ್ಣು ಮಳೆ ಬಿದ್ದರೆ ಸೋಪಿನ ಹಾಗೆ ಜಾರುತ್ತದೆ. ಕಾಲು ತಪ್ಪಿದರೆ ಹಿಡಿದುಕೊಳ್ಳಲು ಒಂದು ಬೇರೂ ಸಿಗುವುದಿಲ್ಲ.

ಆ ನೀರಿನ ಬಣ್ಣ ಅಡಿಕೆ ತೋಟದವರಿಗೆ ಬೇಗ ಅರ್ಥವಾದೀತು. ಮೈಲುತುತ್ತ ಕರಗಿಸಿದ ಹಾಗೆ ಹಸಿರು ನೀಲಿ. ನೋಡಲು ಚೆಂದ. ಮಕ್ಕಳನ್ನು ಎಳೆಯುವುದೂ ಅದೇ ಬಣ್ಣ. ಲ್ಯಾಬಿನಲ್ಲಿ ಹುಳಿ ಅಳೆಯುವ ಕಾಗದದ ಪಟ್ಟಿ ಒಯ್ದು ಅದ್ದಿ ನೋಡಿದೆ. ಮಜ್ಜಿಗೆಗಿಂತ ಹುಳಿ. ಕಲ್ಲಿದ್ದಲಿನ ಜೊತೆಗಿರುವ ಗಂಧಕದ ಖನಿಜ ಗಾಳಿ, ನೀರು ತಾಗಿ ಆಮ್ಲವಾಗುತ್ತದೆ. ಇದನ್ನು ದಿನಾ ಪರೀಕ್ಷೆ ಮಾಡಿಯೇ ನಾನು ಸಂಬಳ ತೆಗೆದುಕೊಳ್ಳುತ್ತೇನೆ. ಅದಕ್ಕೇ ನನಗೆ ಸಂಕಟ ಜಾಸ್ತಿ.

ನಿಯಮ ನಿಮಗೆ ಗೊತ್ತಿರುವುದೇ. ಹೊಂಡದ ಅಂಚಿಗೂ ಮನೆಗಳಿಗೂ ನಡುವೆ 500 ಮೀಟರ್ ಇರಬೇಕು. ನಮ್ಮ ಹಿತ್ತಿಲ ಬಾಗಿಲಿನಿಂದ ನಾನು ಹೆಜ್ಜೆ ಎಣಿಸಿದ್ದೇನೆ, ಇನ್ನೂರು ದಾಟುವುದಿಲ್ಲ. ಕೆಲಸ ನಿಂತ 30 ದಿನದೊಳಗೆ ಆ ನೆಲದ ದುರಸ್ತಿ ಶುರುವಾಗಬೇಕು ಅಂತ 2010ರ ನಿಯಮ ಹೇಳುತ್ತದೆ. ಅದಕ್ಕೆಂದೇ ಕಂಪನಿಗಳು ಮೊದಲೇ ಠೇವಣಿ ಇಡಬೇಕು. ನಮ್ಮ ಹೊಂಡದಲ್ಲಿ ಯಂತ್ರಗಳು ಎದ್ದು ಹೋಗಿ ವರ್ಷಗಳೇ ಆದವು. ಈಗ ಅಲ್ಲಿ ಒಂದು ಬೋರ್ಡೂ ಇಲ್ಲ.

ಆ ಭಾನುವಾರದಿಂದ ನಮ್ಮ ಮನೆಯ ದಿನಚರಿಯೇ ಬದಲಾಗಿದೆ. ಹೆಂಡತಿ ಹಿತ್ತಿಲ ಬಾಗಿಲಿಗೆ ಬೀಗ ಹಾಕುತ್ತಾಳೆ. ಮಗನನ್ನು ಸುತ್ತು ದಾರಿಯಲ್ಲಿ ಶಾಲೆಗೆ ಬಿಡುತ್ತೇನೆ. ರಾತ್ರಿ ಜೋರು ಮಳೆ ಬಂದರೆ ಅಂಚು ಎಷ್ಟು ಕುಸಿಯಿತೋ ಅಂತ ನಿದ್ದೆ ಬರುವುದಿಲ್ಲ. ದೂರು ಕೊಡಲು ಅರ್ಧ ದಿನದ ರಜೆ ಹಾಕಿ ಹೋದರೆ ಒಬ್ಬರು ಹೇಳಿದರು, ನೀವು ಅತಿಥಿಗಳು, ನಿಮ್ಮ ಅನ್ನವೂ ಕಲ್ಲಿದ್ದಲಿನದೇ ಅಲ್ವಾ ಅಂತ. ಹೌದು, ನನ್ನ ಅನ್ನ ಅದರದ್ದೇ. ಅದಕ್ಕೆ ಮಗುವನ್ನು ಬೆಲೆ ಕೊಡಬೇಕಾ? ನಿಮ್ಮ ಈ ಪ್ರಾಂತ್ಯ ಈಸ್ಟ್ ಕಾಲಿಮಂತಾನ್‌ನಲ್ಲಿ 2011ರಿಂದ ಈಚೆಗೆ ಇಂಥ ಹೊಂಡಗಳಲ್ಲಿ ಮುಳುಗಿ ಸತ್ತವರು 30ಕ್ಕೂ ಜಾಸ್ತಿ. ಹೆಚ್ಚಿನವರು ಮಕ್ಕಳು. ಅವರ ಅಪ್ಪಅಮ್ಮಂದಿರು ಅತಿಥಿಗಳಲ್ಲ, ನಿಮ್ಮ ಊರುಗಳವರೇ.

ಈ ಊರಿನ ಮೇಲೆ ನನಗೆ ಸಿಟ್ಟಿಲ್ಲ. ಪ್ರೀತಿ ಇದೆ. ಬಂದ ಹೊಸತರಲ್ಲಿ ಮುಲಾವರ್ಮನ್ ಮ್ಯೂಸಿಯಂಗೆ, ಅಂದರೆ ಸುಲ್ತಾನರ ಹಳೇ ಅರಮನೆಗೆ ಹೋದೆ. ಅಲ್ಲಿ ಯೂಪ ಶಾಸನಗಳ, ಅಂದರೆ ಯಜ್ಞದ ಕಲ್ಲುಕಂಬಗಳ ಮೇಲಿನ ಬರಹಗಳ ನಕಲುಗಳಿವೆ. ಮೂಲ ಕಲ್ಲುಗಳು ಜಕಾರ್ತಾದಲ್ಲಿವೆ. ಇದೇ ಜಿಲ್ಲೆಯ ಮುವಾರಾ ಕಾಮನ್‌ನಲ್ಲಿ ಸಿಕ್ಕ, ಸುಮಾರು 400ನೇ ಇಸವಿಯ ಸಂಸ್ಕೃತ ಶಾಸನಗಳು. ಲಿಪಿ ನಮ್ಮ ದಕ್ಷಿಣ ಭಾರತದ್ದು, ಪಲ್ಲವರದ್ದು. ಕುಂಡುಂಗನ ಮಗ ಅಶ್ವವರ್ಮ, ಅವನ ಮಗ ಇಲ್ಲಿನ ರಾಜ ಮೂಲವರ್ಮ. ಅವನು ಬ್ರಾಹ್ಮಣರಿಗೆ 20,000 ಹಸು ದಾನ ಕೊಟ್ಟ ಅಂತ ಒಂದು ಕಲ್ಲು ಹೇಳುತ್ತದೆ. ನಮ್ಮ ಹಲ್ಮಿಡಿ ಶಾಸನಕ್ಕಿಂತಲೂ ಹಳೆಯದು. ಇಷ್ಟು ದೂರದ ನದಿ ದಡದಲ್ಲಿ ಆ ಅಕ್ಷರಗಳನ್ನು ನೋಡುತ್ತಾ ನಾನು ಎಷ್ಟು ಹೊತ್ತು ನಿಂತಿದ್ದೆನೋ. ಆಮೇಲೆ 1782ರಲ್ಲಿ ಸುಲ್ತಾನ್ ಅಜಿ ಮುಹಮ್ಮದ್ ಮುಸ್ಲಿಹುದ್ದೀನ್ ರಾಜಧಾನಿಯನ್ನು ಈ ದಡಕ್ಕೆ ತಂದ ಕಥೆ, ತಂಗಾ ಅರುಂಗ್ ಅಂದರೆ ರಾಜನ ಮನೆ ಅನ್ನುವುದೇ ತೆಂಗರೊಂಗ್ ಆದದ್ದು, ಇದನ್ನೆಲ್ಲ ನನ್ನ ಮಗ ಶಾಲೆಯಲ್ಲಿ ಕಲಿತು ಬಂದು ನನಗೆ ಹೇಳುತ್ತಾನೆ. ಎರಾವು ಹಬ್ಬದಲ್ಲಿ ನಾಗನ ಪ್ರತಿಮೆಗಳನ್ನು ದೋಣಿಯಲ್ಲಿ ಹಳೇ ರಾಜಧಾನಿ ಕುತೈ ಲಾಮಾಗೆ ಕಳಿಸುವಾಗ ದಡದಲ್ಲಿ ನಿಂತು ಮೈತುಂಬ ನೀರು ಎರಚಿಸಿಕೊಂಡವರು ನಾವೂ.

ದುಡ್ಡಿಲ್ಲ ಅಂತ ಮಾತ್ರ ಹೇಳಬೇಡಿ. 1897ರಲ್ಲಿ ನಿಮ್ಮ ಜಿಲ್ಲೆಯ ಸಂಗಾ-ಸಂಗಾದಲ್ಲಿ ಎಣ್ಣೆ ಸಿಕ್ಕಿತು. ಆಮೇಲೆ ಮರ ಹೋಯಿತು, ಗ್ಯಾಸ್ ಬಂತು, ಕಲ್ಲಿದ್ದಲು ಬಂತು. ಇಂಡೋನೇಷ್ಯಾದ ಶ್ರೀಮಂತ ಜಿಲ್ಲೆಗಳಲ್ಲಿ ನಿಮ್ಮದೂ ಒಂದು. ಮಹಾಕಾಮ್ ನದಿ ದಡದಲ್ಲಿ ಸುಮ್ನೆ ಅರ್ಧ ಗಂಟೆ ಕುಳಿತರೆ ಗುಡ್ಡದ ಹಾಗೆ ಕಪ್ಪು ರಾಶಿ ಹೊತ್ತ ಪೊಂಟೊನ್‌ಗಳು, ಅಂದರೆ ಚಪ್ಪಟೆ ಸರಕು ದೋಣಿಗಳು, ಒಂದರ ಹಿಂದೆ ಒಂದು ಹೋಗುತ್ತವೆ. ಅಳಿದುಳಿದ ಪೆಸುತ್ ಡಾಲ್ಫಿನ್‌ಗಳು ಇಡೀ ಮಹಾಕಾಮ್‌ನಲ್ಲಿ ನೂರೂ ಇಲ್ಲ, ಅವೂ ಇದೇ ದಾರಿಯಲ್ಲಿ ಈಜಬೇಕು. ಹಿಂದೆ ನಿಮ್ಮ ಕುರ್ಚಿಯಲ್ಲಿದ್ದ ತಂದೆ, ಮಗಳು ಇಬ್ಬರೂ ಭ್ರಷ್ಟಾಚಾರದ ಕೇಸಿನಲ್ಲಿ ಜೈಲಿಗೆ ಹೋದರು. ಹಣ ಇತ್ತು ಅನ್ನುವುದಕ್ಕೆ ಬೇರೆ ಸಾಕ್ಷಿ ಬೇಕಾ? ನಮ್ಮ ಹೊಂಡಕ್ಕೆ ಬೇಕಿರುವುದು ಕಂಬ ಮತ್ತು ತಂತಿ. ಬೇಲಿ ಹಾಕಿಸಿ.

ಗಣಿ ಅನುಮತಿ ಈಗ ಬುಪಾತಿ ಕೈಯಲ್ಲಿಲ್ಲ, 2020ರ ಕಾನೂನಿನಿಂದ ಜಕಾರ್ತಾಕ್ಕೆ ಹೋಗಿದೆ ಅಂತ ನೀವು ಹೇಳಬಹುದು. ನಿಜ. ಆದರೆ ಮೊದಲು ಎಷ್ಟೋ ವರ್ಷ ಅನುಮತಿ ಬರೆದದ್ದು ಇದೇ ಬುಪಾತಿ ಕಚೇರಿಗಳು. ಮುಚ್ಚಿಸುವುದಕ್ಕೆ ಜಕಾರ್ತಾದ ಕಾಗದ ಬೇಕಿದ್ದರೆ ನೀವು ಬರೆಯಿರಿ, ನಿಮ್ಮ ಕಾಗದಕ್ಕೆ ನನ್ನದಕ್ಕಿಂತ ಬೆಲೆ ಇದೆ. ಮಗು ಬೀಳದ ಹಾಗೆ ನಾಲ್ಕು ಕಂಬ ನೆಡಲು ಯಾರ ಅನುಮತಿ ಬೇಕು?

2011ರ ನವೆಂಬರ್ 26ರಂದು ಇದೇ ಊರಿನ ಸೇತುವೆ, ಕಟ್ಟಿ ಹತ್ತೇ ವರ್ಷದಲ್ಲಿ, ದುರಸ್ತಿ ಮಾಡುತ್ತಿದ್ದಾಗಲೇ ವಾಹನಗಳ ಸಮೇತ ನದಿಗೆ ಬಿತ್ತು. ಪಕ್ಕದ ಮನೆಯವರು ಆ ಸಂಜೆಯ ಮಾತು ತೆಗೆದರೆ ಇವತ್ತಿಗೂ ದನಿ ತಗ್ಗಿಸುತ್ತಾರೆ. ಅದೇ ಜಾಗದಲ್ಲಿ 2015ಕ್ಕೆ ಹೊಸ ಸೇತುವೆ ಎದ್ದಿತು. ಮಹಾಕಾಮ್‌ನಂಥ ನದಿಗೆ ನಾಲ್ಕು ವರ್ಷದಲ್ಲಿ ಸೇತುವೆ ಕಟ್ಟಿದವರಿಗೆ ಒಂದು ಹೊಂಡಕ್ಕೆ ಬೇಲಿ ಕಟ್ಟಲು ಆಗುವುದಿಲ್ಲ ಅಂದರೆ ನಾನು ನಂಬುವುದಿಲ್ಲ.

ಆ ನೀಲಿ ಚಪ್ಪಲಿ ಇನ್ನೂ ಅಲ್ಲೇ ಇದೆ. ಗಾಳಿಗೆ ಆ ಕಡೆ ಅಂಚಿಗೆ ಹೋಗಿ ಸಿಕ್ಕಿಕೊಂಡಿದೆ. ಬೆಳಿಗ್ಗೆ ಕೆಲಸಕ್ಕೆ ಹೊರಡುವಾಗ ಕಾಣಿಸುತ್ತದೆ.

ಜೂನ್ ಕೊನೆಗೆ ಶಾಲೆಗಳಿಗೆ ರಜೆ. ಮಕ್ಕಳೆಲ್ಲ ಮನೆಯಲ್ಲಿರುತ್ತಾರೆ. ಅಷ್ಟರೊಳಗೆ ಬೇಲಿ ಹಾಕಿಸಿ. ಹೊಂಡ ಮುಚ್ಚಿಸುವ ಕೆಲಸ ಈ ವರ್ಷವೇ ಶುರು ಮಾಡಿಸಿ. ಕಂಬ ತರುವ ಲಾರಿಗೆ ನಮ್ಮ ಓಣಿಯ ತಿರುವು ಗೊತ್ತಾಗುವುದಿಲ್ಲ, ಹಿಂದಿನ ದಿನ ಹೇಳಿ ಕಳಿಸಿದರೆ ಸಾಕು, ರಜೆ ಹಾಕಿ ನಾನೇ ಮೂಲೆಯಲ್ಲಿ ನಿಂತಿರುತ್ತೇನೆ.

ಇಂತಿ,
ತೆಂಗರೊಂಗ್‌ನಲ್ಲಿ ಬಾಡಿಗೆಗಿರುವ ಉಡುಪಿ ಕಡೆಯ ಒಬ್ಬ ಅಪ್ಪ